ನಿನ್ನೆಯ ಸದ್ದಿಗೆ ಮೈಯಿಲ್ಲ

ಕೋಳಿಯೂ ಸೀನುತ್ತದೆಯೇ ಎಂದು ನಗುವವರು ಈ ಕಥೆ ಓದಬೇಕಾಗಿಲ್ಲ. ಸೀನುತ್ತದೆ. ಮನುಷ್ಯರ ಹಾಗೆ ಬೀದಿಗೆಲ್ಲ ಕೇಳುವಂತೆ ಅಲ್ಲ. ‘ಪಿಚಕ್’ ಎಂದು, ಒದ್ದೆ ಬಟ್ಟೆಯನ್ನು ಒಮ್ಮೆ ಕೊಡವಿದಷ್ಟು. ಆ ಸದ್ದನ್ನು ನಾನು ನಾಲ್ಕು ದಿನ ಕೇಳಿದೆ, ನಾಲ್ಕು ದಿನವೂ ಸುಮ್ಮನಿದ್ದೆ. ಹಾಗಾಗಿ ನನ್ನ ಸಿಟ್ಟು ಮೊದಲು ನನ್ನ ಮೇಲೆಯೇ. ಆಮೇಲೆ ನಮ್ಮೂರ ಕೋಳಿ ಸಾಕಣೆದಾರರ ಸಂಘದ ಅಧ್ಯಕ್ಷ ಗುರುಬಸಪ್ಪನವರ ಮೇಲೆ. ಅವರಿಗೆ ನಾನು ಬಹುವಚನ ಹಾಕುವುದು ಬಾಯಿಗೆ ಬಿದ್ದ ಅಭ್ಯಾಸದಿಂದ, ಇನ್ನೇನಕ್ಕೂ ಅಲ್ಲ.

ನಮ್ಮೂರಿನಲ್ಲಿ ಇಂದು ಆದ ಸದ್ದು ನಾಳೆ ಅದೇ ಹೊತ್ತಿಗೆ, ಅದೇ ಜಾಗದಲ್ಲಿ ಇನ್ನೊಂದು ಸಲ ಕೇಳಿಸುತ್ತದೆ. ಒಂದೇ ಸಲ, ಅಷ್ಟಕ್ಕೆ ಮುಗಿಯಿತು. ಹಾಲಿನವನು ದಿನ ಬಿಟ್ಟು ದಿನ ಕೂಗುತ್ತಾನೆ. ನಡುವಿನ ದಿನ ಅವನ ನಿನ್ನೆಯ ಕೂಗೇ ಸಾಕು. ಗಂಡ ಹೆಂಡಿರಿಗೆ ಜಗಳ ಆಡಬೇಕಿದ್ದರೆ ಊರಾಚೆಯ ಹಾಳು ಇಟ್ಟಿಗೆ ಗೂಡಿಗೆ ಹೋಗಿ ಆಡಿ ಬರುತ್ತಾರೆ. ಮನೆಯಲ್ಲಿ ಆಡಿದರೆ ಮರುದಿನ ಅತ್ತೆ ಅದೇ ಹೊತ್ತಿಗೆ ಎಲೆ ಅಡಿಕೆ ಹಾಕಿಕೊಂಡು ಕೇಳಲು ಕೂರುತ್ತಾಳೆ. ಯಾರಾದರೂ ತೀರಿಕೊಂಡರೆ ನೆಂಟರು ಮರುದಿನ ಬಂದು ಮಂಚದ ಸುತ್ತ ಕೂತು ಕೊನೆಯ ಮಾತು ಕೇಳಿಸಿಕೊಂಡು ಹೋಗುತ್ತಾರೆ. ನನ್ನ ಗಂಡ ಚಂದ್ರಪ್ಪ ಟೈಲರು. ಒಂದು ದಿನ ಮಷೀನು ತುಳಿದರೆ ಮರುದಿನ ಅದು ತಾನೇ ಕಟಕಟ ಅನ್ನುತ್ತದೆ, ಅವನು ಅದರ ಪಕ್ಕದಲ್ಲಿ ಮಲಗಿ ಗೊರಕೆ ಹೊಡೆಯುತ್ತಾನೆ. ಬಟ್ಟೆ ಕೇಳಲು ಬಂದವರು ಬಾಗಿಲಲ್ಲೇ ಕಿವಿಗೊಟ್ಟು, ‘ಹೊಲೀತಾ ಇದಾರೆ’ ಅಂದುಕೊಂಡು ವಾಪಸು ಹೋಗುತ್ತಾರೆ.

ಹೀಗಿರುವುದರಿಂದ ನಮ್ಮವರು ಮಾತಾಡುವವರ ಬಾಯಿ ನೋಡುತ್ತಾರೆ. ತುಟಿ ಅಲ್ಲಾಡಿದರೆ ಇವತ್ತಿನದು, ಇಲ್ಲವಾದರೆ ನಿನ್ನೆಯದು. ನಿನ್ನೆಯ ಮಾತಿಗೆ ಓಗೊಡುವವನು ದಡ್ಡ ಎಂದು ನಮ್ಮಲ್ಲಿ ಮಕ್ಕಳಿಗೆ ಮಾತು ಕಲಿಸುವಾಗಲೇ ಕಲಿಸುತ್ತೇವೆ. ಮಗು ಅತ್ತರೆ, ಪಾತ್ರೆ ಬಿದ್ದರೆ, ಯಾರೋ ಬೈದರೆ, ಕಿವಿಗೆ ಹಿತವಾಗದ್ದು ಏನೇ ಕೇಳಿದರೂ ಬಾಯಿಗೆ ಮೊದಲು ಬರುವ ಮಾತು ‘ನಿನ್ನೇದು’. ಬಹಳ ಅನುಕೂಲದ ಮಾತು ಅದು. ಎಷ್ಟು ಅನುಕೂಲ ಎನ್ನುವುದನ್ನು ನಾನು ನನ್ನ ಕೋಳಿಗಳನ್ನು ಕಳೆದುಕೊಂಡು ಕಲಿತೆ.

ನನ್ನ ಹತ್ತಿರ ಹತ್ತೊಂಬತ್ತು ನಾಟಿ ಕೋಳಿಗಳಿದ್ದವು. ಅವುಗಳಲ್ಲಿ ಬೂದಕ್ಕ ಎಲ್ಲರಿಗಿಂತ ಹಿರಿಯಳು, ಒಲೆಯ ಬೂದಿಯ ಬಣ್ಣದವಳು. ನಾಲ್ಕು ಸಲ ಕಾವಿಗೆ ಕೂತು ನಾಲ್ಕು ಸಲವೂ ಒಂದು ಮರಿಯನ್ನೂ ಹದ್ದಿಗೆ ಬಿಟ್ಟುಕೊಡದವಳು. ಸಂಘದ ಇಪ್ಪತ್ತೈದನೆಯ ವರ್ಷದ ನೆಪದಲ್ಲಿ ಗುರುಬಸಪ್ಪನವರು ಹೊಳೆಯಾಚೆಯ ಸಂತೆಯಿಂದ ಇಪ್ಪತ್ಮೂರು ಹುಂಜಗಳನ್ನು ತರಿಸಿ, ಮನೆಗೊಂದರಂತೆ ಹಂಚಿದರು. ತಳಿ ಸುಧಾರಿಸಬೇಕಂತೆ. ಹದಿನೈದು ದಿನ ಬಿಟ್ಟು ಬರುವ ಸೋಮವಾರ ಊರಿನ ಅಷ್ಟೂ ಕೋಳಿಗಳನ್ನು ಸಂಘದ ಅಂಗಳಕ್ಕೆ ತಂದು ಪ್ರದರ್ಶನ ಮಾಡಬೇಕಂತೆ, ದೊಡ್ಡವರು ಬಂದು ರಿಬ್ಬನ್ ಕತ್ತರಿಸುತ್ತಾರಂತೆ.

ನಮ್ಮ ಅತ್ತೆ ಬದುಕಿದ್ದಾಗ ಹೊರಗಿನಿಂದ ತಂದ ಕೋಳಿಯನ್ನು ಮೂರು ವಾರ ಹಿತ್ತಲ ಆ ಕೊನೆಯಲ್ಲಿ ಬೇರೆ ಕಟ್ಟಿ ಹಾಕುತ್ತಿದ್ದರು. ನೀರಿನ ಕುಡಿಕೆಯೂ ಬೇರೆ. ನಾನು ಅದನ್ನೇ ಹೇಳಿದೆ. ಗುರುಬಸಪ್ಪ ಎಲ್ಲರ ಮುಂದೆ ನಕ್ಕರು.

“ಏನ್ ಹಾಲಮ್ಮ, ಸಂಘದ ಹುಂಜಕ್ಕೂ ಸೂತಕಾನಾ? ಗೂಡಿಗೆ ಬಿಡಮ್ಮ, ಹೊಂದ್ಕೊಳ್ತಾವೆ.”

ಎಲ್ಲರೂ ನಕ್ಕರು. ನಾಚಿಕೆಯಾಗಿ ನಾನೂ ಗೂಡಿಗೆ ಬಿಟ್ಟೆ.

ಎಂಟು ದಿನ ಆದ ಮೇಲೆ ಗೂಡಿನಲ್ಲಿ ಮೊದಲ ‘ಪಿಚಕ್’ ಕೇಳಿತು. ಮುಂಜಾನೆ, ರಾಗಿ ನುಚ್ಚು ಹಾಕಲು ಹೋದಾಗ. ಗೂಡಿನೊಳಗೆ ಕತ್ತಲೆ, ಯಾವುದು ಸೀನಿತು ಕಾಣಲಿಲ್ಲ. ಮರುದಿನ ಅದೇ ಹೊತ್ತಿಗೆ ಮತ್ತೆ ಕೇಳಿದಾಗ, ನಿನ್ನೇದು ಎಂದುಕೊಂಡೆ. ಅದು ನಿಜವೂ ಆಗಿತ್ತು. ಆದರೆ ಅದರ ಹಿಂದೆಯೇ ಇನ್ನೆರಡು ಕೇಳಿದವು. ಅವಕ್ಕೂ ನಿನ್ನೇದು ಎಂದೆ. ಮೂರನೆಯ ದಿನ, ನಾಲ್ಕನೆಯ ದಿನ ಗೂಡೆಲ್ಲ ಪಿಚಕ್ ಪಿಚಕ್. ಬಾಯಿ ನೋಡಿ ಮಾತು ತಿಳಿಯುವ ಊರಿನಲ್ಲಿ ಹುಟ್ಟಿ ಬೆಳೆದವಳು, ಒಂದು ಕೋಳಿಯ ಕೊಕ್ಕು ಬಗ್ಗಿ ನೋಡಬೇಕೆಂದು ನನಗೆ ಹೊಳೆಯಲಿಲ್ಲ. ಮನುಷ್ಯರ ತುಟಿಗೆ ಮಾತ್ರ ನಾವು ಅಷ್ಟು ಮರ್ಯಾದೆ ಕೊಡುವುದು.

ಶುಕ್ರವಾರ ಬೆಳಿಗ್ಗೆ ಬೂದಕ್ಕ ನುಚ್ಚಿಗೆ ಬರಲಿಲ್ಲ. ಹೇನು ಹತ್ತಿರಬೇಕು ಎಂದು ಹಿಡಿದು ಮಡಿಲಿಗೆ ಹಾಕಿಕೊಂಡೆ. ಪುಕ್ಕ ಬಿಡಿಸಿ ನೋಡುತ್ತಿದ್ದೆ, ಇನ್ನೊಂದು ಕೈ ಅವಳ ಎದೆಯ ಕೆಳಗಿತ್ತು. ಆಗ ‘ಗೊರ್’ ಎಂದಿತು. ಅಂಗೈಯೊಳಗೆ ಎಂದಿತು. ಹುಕ್ಕಾ ಎಳೆದಾಗ ನೀರು ಕುಲುಕುವ ಹಾಗೆ ಅವಳ ಎದೆ ಒಳಗೊಳಗೇ ಕುಲುಕಿ ನನ್ನ ಬೆರಳುಗಳಿಗೆ ತಾಗಿತು. ಅವಳು ಕತ್ತು ಮುಂದಕ್ಕೆ ಚಾಚಿ, ಕೊಕ್ಕು ತೆರೆದು, ಕಷ್ಟಪಟ್ಟು ಒಂದು ಉಸಿರು ಎಳೆದಳು. ಮೂಗಿನ ತೂತಿನಲ್ಲಿ ಒಂದು ಗುಳ್ಳೆ ಎದ್ದು ಒಡೆಯಿತು. ನಾನು ಬೆಚ್ಚಿಬಿದ್ದೆ. ನಿನ್ನೆಯ ಸದ್ದಿಗೆ ಮೈ ಇರುವುದಿಲ್ಲ. ನಿನ್ನೆಯ ಸದ್ದು ಅಂಗೈಗೆ ತಾಗುವುದಿಲ್ಲ.

ಒಂದೊಂದನ್ನೇ ಹಿಡಿದು ಬೆಳಕಿಗೆ ತಂದೆ. ಐದರ ಎದೆಯಲ್ಲಿ ಗೊರಗೊರ. ಎರಡರ ಕಣ್ಣ ಕೆಳಗೆ ಊತ. ಸಂಘದ ಹುಂಜದ ಕಣ್ಣಿನ ಮೂಲೆಯಲ್ಲಂತೂ ಸೋಪಿನ ನೊರೆಯಂತಹ ನೊರೆ, ಅದು ಎಷ್ಟು ದಿನದ್ದೋ. ಅಳು ಬಂತು, ಅದಕ್ಕಿಂತ ಜೋರಾಗಿ ಸಿಟ್ಟು ಬಂತು. ನಾಲ್ಕು ದಿನ! ನಾಲ್ಕು ದಿನ ಇವು ನನ್ನನ್ನು ಕೂಗಿ ಕೂಗಿ ಕರೆದಿವೆ.

ಬೇಲಿಯಾಚೆ ಖೈರೂನಬಿಯ ಹಿತ್ತಲಿನಲ್ಲಿ ದಟ್ಟ ಹೊಗೆ ಏಳುತ್ತಿತ್ತು. ಖೈರೂನಬಿ ನನ್ನ ನೆರೆಯವಳು, ನಾವಿಬ್ಬರೂ ಇಪ್ಪತ್ತು ವರ್ಷ ಮೊಟ್ಟೆ ಕಾವಿಗೆ ಕೊಟ್ಟು ತಂದು ಮಾಡಿದವರು. ಹೋಗಿ ನೋಡಿದರೆ ಗೂಡಿನ ಬಾಯಿಗೆ ಗೋಣಿ ಚೀಲ ಕಟ್ಟಿ ಒಳಗೆ ಬೇವಿನ ಸೊಪ್ಪು, ಒಣಮೆಣಸಿನಕಾಯಿ ಸುಡುತ್ತಿದ್ದಾಳೆ.

“ಅಯ್ಯೋ, ಇದೇನೇ ಮಾಡ್ತಿದೀಯ?”

“ಮೂರು ಸತ್ತೋದ್ವು ಅಕ್ಕಾ. ಅಧ್ಯಕ್ಷರನ್ನ ಕೇಳ್ದೆ. ಹೊಗೆ ಹಾಕು, ಸರಿಹೋಗ್ತೈತೆ, ಯಾರಿಗೂ ಹೇಳ್ಬೇಡ ಅಂದ್ರು.”

ಉಸಿರಾಡಲಾರದ ಜೀವಕ್ಕೆ ಮೆಣಸಿನಕಾಯಿ ಹೊಗೆ! ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಹಾಕಿದರಂತೆ; ಇವರು ಆ ಎತ್ತಿನ ಮೂಗನ್ನೇ ಮುಚ್ಚಿದರು. ನಾನು ಗೋಣಿ ಕಿತ್ತೆಸೆದು ಬೆಂಕಿಗೆ ನೀರು ಸುರಿದೆ. ಯಾರಿಗೂ ಹೇಳಬೇಡ ಎಂದರಲ್ಲ! ಹಾಗಾದರೆ ಅವರಿಗೆ ಗೊತ್ತಿದೆ.

ಮಧ್ಯಾಹ್ನದ ಬಸ್ಸಿಗೆ ಹೊಳೆಯಾಚೆಯ ಪಶುವೈದ್ಯರಲ್ಲಿಗೆ ಹೋದೆ. ಅವರು ನಾನು ಹೇಳಿದ್ದನ್ನೆಲ್ಲ ಕೇಳಿಸಿಕೊಂಡು ಮುಖ ಸಪ್ಪಗೆ ಮಾಡಿಕೊಂಡರು. “ಅಂಟುರೋಗ ಕಣಮ್ಮ. ಯಾವ್ದು ಅಂತ ಪರೀಕ್ಷೆ ಮಾಡದೆ ಹೇಳಕ್ಕಾಗಲ್ಲ. ಮೊದ್ಲು ಸೀಕಿನವನ್ನ ಬೇರೆ ಮಾಡಿ. ದಿನಾ ಚೆನ್ನಾಗಿರೋವಕ್ಕೆ ಮೊದ್ಲು ಕಾಳು ನೀರು ಹಾಕಿ, ಸೀಕಿನವಕ್ಕೆ ಆಮೇಲೆ. ಕೈಕಾಲು ತೊಳ್ಕೊಳ್ದೆ ಇತ್ಲಿಂದ ಅತ್ಲಾಗೆ ಹೋಗ್ಬೇಡಿ. ಗೂಡಿಗೆ ಗಾಳಿ ಆಡ್ಲಿ, ತಳದ ಹೊಟ್ಟು ಒಣಗಿರ್ಲಿ. ಸತ್ತದ್ದನ್ನ ಬೀದಿಗೆ ಎಸೀಬೇಡಿ, ಆಳವಾಗಿ ಗುಂಡಿ ತೆಗೆದು ಸುಣ್ಣ ಹಾಕಿ ಮುಚ್ಚಿ. ಊರಿನ ಕೋಳಿಗಳನ್ನ ಒಂದೇ ಕಡೆ ಸೇರಿಸೋದಂತೂ ಬ್ಯಾಡವೇ ಬ್ಯಾಡ.”

“ಸೋಮವಾರ ಎಲ್ಲಾವನ್ನೂ ಒಂದೇ ಅಂಗಳಕ್ಕೆ ತರ್ತಾರೆ ಸಾರ್. ನೀವೇ ಬಂದು ಹೇಳ್ಬಿಡಿ.”

ಡಾಕ್ಟರು ತಲೆ ಕೆರೆದುಕೊಂಡರು. ಎರಡು ವರ್ಷದ ಹಿಂದೆ ಅವರು ನಮ್ಮೂರಿಗೆ ಬಂದು, ಗುಣವಾಗಿದ್ದ ಹಸುವೊಂದರ ನಿನ್ನೆಯ ಕೆಮ್ಮಿಗೆ ಸೂಜಿ ಚುಚ್ಚಿ, ಊರೆಲ್ಲ ನಕ್ಕಿದ್ದು ನನಗೂ ನೆನಪಿತ್ತು. ಅಂದಿನಿಂದ ಅವರದೊಂದು ಹಟ: ಸಂಘದವರು, ಇದು ಇವತ್ತಿನ ಕಾಯಿಲೆ ಎಂದು ಸಹಿ ಹಾಕಿ ಪತ್ರ ಕೊಡದೆ ನಮ್ಮೂರಿಗೆ ಕಾಲಿಡುವುದಿಲ್ಲ. ತಪ್ಪು ಅವರದೂ ಇದೆ. ನಗೆಪಾಟಲಾಗುವ ಹೆದರಿಕೆಗೆ ಎಷ್ಟು ಕೋಳಿ ಸಾಯಬೇಕು ಎಂದು ಕೇಳಬೇಕೆನಿಸಿತು. ಕೇಳಿಯೂ ಬಿಟ್ಟೆ. ಅವರು ಒಂದು ಪುಟ್ಟ ಬಾಟಲಿ ಔಷಧಿ ಕೊಟ್ಟರು, ನೀರಿಗೆ ಬೆರೆಸಲು.

ಶನಿವಾರ ಹನ್ನೊಂದು ಗಂಟೆಗೆ ಸಂಘದ ಸಭೆ. ಚಂದ್ರಪ್ಪ ಬಾಗಿಲಲ್ಲಿ ಅಡ್ಡ ನಿಂತ. “ಸುಮ್ನಿರೇ, ದೊಡ್ಡವರ ಜೊತೆ ಯಾಕೆ?” ಎಂದ. ನಾನು ಬೂದಕ್ಕನನ್ನು ಬುಟ್ಟಿಯಲ್ಲಿಟ್ಟು ಬಟ್ಟೆ ಮುಚ್ಚಿಕೊಂಡು ಹೊರಟೆ.

ಮೇಜಿನ ಸುತ್ತ ಗುರುಬಸಪ್ಪನವರು ಸೇರಿ ಹನ್ನೊಂದು ಮಂದಿ. ಟೀ ಕುಡಿಯುತ್ತ ರಿಬ್ಬನ್ ಯಾವ ಬಣ್ಣದ್ದಿರಬೇಕೆಂದು ಮಾತಾಡುತ್ತಿದ್ದರು. ನಾನು ಬುಟ್ಟಿಯನ್ನು ಮೇಜಿನ ನಡುವೆ, ಅವರ ಬಿಸ್ಕತ್ತಿನ ತಟ್ಟೆಯ ಪಕ್ಕ ಇಟ್ಟು ಬಟ್ಟೆ ತೆಗೆದೆ. ಬೂದಕ್ಕ ಕತ್ತು ಚಾಚಿದಳು. ಪಿಚಕ್. ಮತ್ತೊಂದು ಸಲ, ಪಿಚಕ್. ಆಮೇಲೆ ಆ ಗೊರಗೊರ.

“ಅಧ್ಯಕ್ಷರೇ, ಡಾಕ್ಟರಿಗೆ ಪತ್ರ ಬರೀರಿ. ಸೋಮವಾರದ್ದು ನಿಲ್ಸಿ. ರೋಗ ಬಂದೈತೆ.”

“ಏ, ಎಂಥ ರೋಗ?” ಎಂದರು ಗುರುಬಸಪ್ಪ. “ಅದು ನಿನ್ನೇದು ಕಣಮ್ಮ, ಬಿಡು.”

“ನಿನ್ನೇದಾ? ನಿನ್ನೆ ಈ ಮೇಜಿನ ಮೇಲೆ ಯಾವ ಕೋಳಿ ಕೂತಿತ್ತು, ಹೇಳ್ರಿ? ನಿಮ್ಮ ಜನ್ಮದಾಗೆ ಈ ಮೇಜಿನ ಮೇಲೆ ಕೋಳಿ ಹತ್ತೈತಾ?”

“ಹೊರಗಡೆಯಿಂದ ಕೇಳಿರ್ಬೇಕು. ಹಬ್ಬದಂಥ ಹೊತ್ನಾಗೆ ಅಪಶಕುನ ಮಾತಾಡ್ಬೇಡ.”

“ಅಂಗೈ ಹುಣ್ಣಿಗೆ ಕನ್ನಡಿ ಬೇಕಾ ಅಣ್ಣ? ಒಂದು ಕೈ ಇಡಿ ಇದರ ಎದೆ ಮ್ಯಾಲೆ. ಒಂದೇ ಒಂದು ಸಲ.”

ಅವರು ಕೈಯನ್ನು ಹಿಂದಕ್ಕೆ ಎಳೆದುಕೊಂಡು ಪಂಚೆಗೆ ಒರೆಸಿಕೊಂಡರು. ಮುಟ್ಟದ ಕೈಯನ್ನು ಯಾಕೆ ಒರೆಸಬೇಕು? ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡವನ ಕಥೆ. ನಾನು ಉಳಿದ ಹತ್ತು ಮಂದಿಯ ಕಡೆ ತಿರುಗಿದೆ. ಅವರಲ್ಲಿ ಆರು ಜನರ ಮನೆಯಲ್ಲಿ ಆಗಲೇ ಕೋಳಿ ಸತ್ತಿದ್ದವು. ಖೈರೂನಬಿ ಬೆಳಿಗ್ಗೆಯೇ ವಿಚಾರಿಸಿಕೊಂಡು ಬಂದಿದ್ದಳು.

“ತೋಟಪ್ಪಣ್ಣ, ನೀವಾದ್ರೂ ಹೇಳಿ. ನಿಮ್ಮ ಮನೇಲಿ ನಾಕು ಸತ್ವಲ್ಲ? ಯಾರಾದ್ರೂ ಒಬ್ರು ಕೈ ಇಟ್ಟು ನೋಡ್ರಿ.”

ಒಬ್ಬರೂ ಕೈ ಎತ್ತಲಿಲ್ಲ. ತೋಟಪ್ಪ ಬಿಸ್ಕತ್ತನ್ನು ಟೀಯಲ್ಲಿ ಅದ್ದಿ, ಅದು ಮೆತ್ತಗಾಗಿ ಒಳಗೇ ಬೀಳುವವರೆಗೂ ಹಾಗೆಯೇ ಹಿಡಿದುಕೊಂಡಿದ್ದರು. ತಲೆಯ ಮೇಲೆ ಫ್ಯಾನು ಕಿರ್ ಕಿರ್ ಎನ್ನುತ್ತಿತ್ತು. ನಾನು ಬುಟ್ಟಿ ಎತ್ತಿಕೊಂಡು ಬಂದೆ.

ಭಾನುವಾರ ಬೆಳಗಾಗುವಾಗ ಬೂದಕ್ಕ ಆ ಬುಟ್ಟಿಯಲ್ಲೇ ಸತ್ತಳು. ಹಿತ್ತಲಲ್ಲಿ ಮೊಣಕಾಲುದ್ದ ಗುಂಡಿ ತೋಡಿ, ಸುಣ್ಣ ಹಾಕಿ ಮುಚ್ಚುತ್ತಿದ್ದಾಗ ಖೈರೂನಬಿ ಬಂದಳು. ಹಿಂದಿನ ದಿನದ ಸಭೆಯಲ್ಲಿ ಆದದ್ದನ್ನೆಲ್ಲ ಹೇಳಿದೆ. ಅವಳು ಸೆರಗಿನಿಂದ ಮೂಗು ಒರೆಸಿಕೊಂಡಳು.

“ಅಕ್ಕಾ, ಹನ್ನೊಂದು ಗಂಟೆಗೆ ಅಂದ್ಯಲ್ಲ? ಇವತ್ತು ಹನ್ನೊಂದಕ್ಕೆ ಅಲ್ಲಿ ಎಲ್ಲಾ ಕೇಳ್ತೈತಲ್ಲ?”

ನನಗೆ ಅದು ಹೊಳೆದೇ ಇರಲಿಲ್ಲ. ಸಿಟ್ಟು ಬಂದವರಿಗೆ ಬುದ್ಧಿ ತಡ. ಖೈರೂನಬಿ ಚಪ್ಪಲಿ ಮೆಟ್ಟಿಕೊಂಡು ಮನೆಮನೆಗೆ ಹೋದಳು. ಸಂಘದ ಬೀಗದ ಕೈ ಜವಾನ ದುರುಗಪ್ಪನ ಹತ್ತಿರ ಇತ್ತು. ಆ ಮುದುಕನ ಗೂಡಿನಲ್ಲಿ ಎರಡು ಕೋಳಿ ಕಣ್ಣು ಊದಿ ಕೂತಿದ್ದವು, ಅವನು ಬಾಗಿಲು ತೆಗೆದ. ನಲವತ್ತು ಜನ ಒಳಗೆ ಬಂದು ಗೋಡೆಗೆ ಒರಗಿ ನಿಂತರು. ತೋಟಪ್ಪನೂ ಬಂದಿದ್ದರು, ಎಲ್ಲರಿಗಿಂತ ಹಿಂದೆ. ಮೇಜು ಖಾಲಿ, ಕುರ್ಚಿ ಖಾಲಿ, ಫ್ಯಾನು ನಿಂತಿತ್ತು.

ಹನ್ನೊಂದಕ್ಕೆ ಕುರ್ಚಿ ಎಳೆದ ಸದ್ದಾಯಿತು. ಟೀ ಲೋಟಗಳು ಕಿಣಿಕಿಣಿ ಎಂದವು. ಕೆಂಪು ರಿಬ್ಬನ್ನೇ ಚೆಂದ ಎಂದು ಯಾರೋ ಅಂದರು. ಆಮೇಲೆ ನನ್ನ ಹೆಜ್ಜೆ, ಬುಟ್ಟಿ ಇಟ್ಟ ಸದ್ದು. ಖಾಲಿ ಮೇಜಿನ ಮೇಲಿಂದ, ಎಲ್ಲರೂ ಕಣ್ಣಿಟ್ಟು ನೋಡುತ್ತಿದ್ದ ಜಾಗದಿಂದ, ಪಿಚಕ್. ಪಿಚಕ್. ಮತ್ತೆ ಆ ಗೊರಗೊರ, ಸತ್ತು ಮಣ್ಣಾದವಳ ಉಸಿರು. ನಾನು ಸೆರಗನ್ನು ಬಾಯಿಗೆ ಒತ್ತಿಕೊಂಡೆ. ಹೊರಗಡೆಯಿಂದ ಕೇಳಿರಬೇಕು ಎಂದು ಇನ್ನು ಯಾರೂ ಹೇಳುವಂತಿರಲಿಲ್ಲ. ಸದ್ದು ಮೇಜಿನ ನಟ್ಟನಡುವೆ ಇತ್ತು.

ಗುರುಬಸಪ್ಪನವರ ದನಿ ಬಂತು: “ಅದು ನಿನ್ನೇದು ಕಣಮ್ಮ, ಬಿಡು.”

ಆಮೇಲೆ ನನ್ನ ಕೂಗಾಟ. ಆಮೇಲೆ, ಯಾರಾದರೂ ಒಬ್ಬರು ಕೈ ಇಟ್ಟು ನೋಡಿ ಎಂದು ನಾನು ಬೇಡಿಕೊಂಡದ್ದು. ಅದರ ನಂತರ ಏನೂ ಇಲ್ಲ, ನಿಂತಿದ್ದ ಫ್ಯಾನಿನ ನಿನ್ನೆಯ ಕಿರ್ ಕಿರ್ ಬಿಟ್ಟರೆ. ಹತ್ತು ಮಂದಿ ಗಂಡಸರು ಕೂತಿದ್ದ ಜಾಗದಲ್ಲಿ ಒಂದು ಕೆಮ್ಮೂ ಇರಲಿಲ್ಲ. ಆಡದ ಮಾತು ಮರುದಿನ ಕೇಳಿಸುವುದಿಲ್ಲ. ಅದನ್ನು ಇಡೀ ಊರು ನಿಂತು ಕೇಳಿತು. ತೋಟಪ್ಪನ ಹೆಂಡತಿ ಗಂಡನ ಕಡೆ ತಿರುಗಿ ನೋಡಿದ ನೋಟ ನನಗೆ ಇವತ್ತಿಗೂ ನೆನಪಿದೆ.

ಆಗ ನಾನು ನಮ್ಮೂರಿನಲ್ಲಿ ಯಾರೂ ಮಾಡದ ದಡ್ಡತನ ಮಾಡಿದೆ. ನಿನ್ನೆಯ ಮಾತಿಗೆ ಉತ್ತರ ಕೊಟ್ಟೆ. ಖಾಲಿ ಕುರ್ಚಿಗೆ ಮುಖ ಮಾಡಿ ಜೋರಾಗಿ ಹೇಳಿದೆ. “ಅಲ್ಲ ಅಧ್ಯಕ್ಷರೇ, ಇವತ್ತಿಂದು. ನಮ್ಮ ಬೂದಕ್ಕ ಇವತ್ತು ಸತ್ಲು.”

ನಗುತ್ತಾರೆ ಎಂದುಕೊಂಡೆ. ಖೈರೂನಬಿ ಮುಂದೆ ಬಂದಳು. “ನಮ್ಮನೇಲಿ ಒಂಬತ್ತು ಹೋದ್ವು ಅಧ್ಯಕ್ಷರೇ. ಹೊಗೆ ಹಾಕು ಅಂದ್ರಿ, ಹಾಕ್ದೆ.” ದುರುಗಪ್ಪ ಬಾಗಿಲ ಹತ್ತಿರದಿಂದಲೇ, “ನಂದು ಎರಡು ಸೀಕಾಗವೆ ಸ್ವಾಮಿ,” ಎಂದ. ಇನ್ನೊಬ್ಬಳು ಮೂರು ಎಂದಳು, ಮತ್ತೊಬ್ಬಳು ಮರಿ ಸಮೇತ ಹೋಯಿತು ಎಂದಳು. ಕೊನೆಗೆ ತೋಟಪ್ಪ ಗಂಟಲು ಸರಿಮಾಡಿಕೊಂಡು, “ನಮ್ಮಲ್ಲಿ ನಾಕು. ನಿನ್ನೆ ಹೇಳ್ಬೇಕಿತ್ತು, ಹೇಳ್ಲಿಲ್ಲ,” ಎಂದರು. ಒಂದು ದಿನ ಹಿಂದೆ ಹೇಳಿದ್ದರೆ ಅವರ ಬಾಯಿಯ ಮುತ್ತು ಉದುರುತ್ತಿತ್ತೇ ಎಂದು ನನಗೆ ರೇಗಿತು. ಆದರೂ ಹೇಳಿದರಲ್ಲ. ಆಮೇಲೆ ಎಲ್ಲರೂ ಮನೆಗೆ ಹೋಗಿ ಸೀಕಿನ ಕೋಳಿಗಳನ್ನು ಬೇರೆ ಕಟ್ಟಿದರು.

ಸೋಮವಾರ ಸಂಘದ ಅಂಗಳಕ್ಕೆ ಒಂದು ಕೋಳಿಯೂ ಬರಲಿಲ್ಲ. ರಿಬ್ಬನ್ ಕಟ್ಟಿ, ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು ಗುರುಬಸಪ್ಪನವರು ಸಂಘದ ಕೋಣೆಯೊಳಗೆ ಮೇಜಿನ ಮುಂದೆ ಒಬ್ಬರೇ ಕಾಯುತ್ತ ಕೂತಿದ್ದರಂತೆ. ಇದನ್ನು ಹೇಳಿದವನು ದುರುಗಪ್ಪ, ಅವನು ಬಾಗಿಲಲ್ಲೇ ನಿಂತಿದ್ದ. ಹನ್ನೊಂದು ಗಂಟೆ ದಾಟುತ್ತಿದ್ದಂತೆ ಆ ಕೋಣೆಯಲ್ಲಿ ನಮ್ಮ ದನಿಗಳು ಒಂದೊಂದಾಗಿ ಎದ್ದವು. ಬೂದಕ್ಕ ಇವತ್ತು ಸತ್ಲು. ಒಂಬತ್ತು ಹೋದ್ವು. ಎರಡು ಸೀಕಾಗವೆ. ಮೂರು. ಮರಿ ಸಮೇತ. ನಾಕು. ನಡುನಡುವೆ ಅಧ್ಯಕ್ಷರೇ, ಅಧ್ಯಕ್ಷರೇ. ಅವರು ಎದ್ದು ಹೋಗಬಹುದಿತ್ತು. ನಿನ್ನೇದು ಅನ್ನಬಹುದಿತ್ತು, ಅಂದಿದ್ದರೆ ಆ ದಿನ ಅದು ನಿಜವೇ ಆಗುತ್ತಿತ್ತು. ಅವರು ಅನ್ನಲಿಲ್ಲವಂತೆ. ದನಿಗಳೆಲ್ಲ ಮುಗಿದ ಮೇಲೆ ದುರುಗಪ್ಪನಿಗೆ ಕಾಗದ ತರಲು ಹೇಳಿ ಡಾಕ್ಟರಿಗೆ ಪತ್ರ ಬರೆದರಂತೆ.

ಸಂಜೆಯ ಹೊತ್ತಿಗೆ ಡಾಕ್ಟರು ಬಂದರು. ಪತ್ರ ಬರೆದರಲ್ಲ, ದೊಡ್ಡ ಮನಸ್ಸು ಎಂದು ಊರಿನಲ್ಲಿ ಕೆಲವರು ಗುರುಬಸಪ್ಪನವರನ್ನು ಈಗಲೂ ಹೊಗಳುತ್ತಾರೆ. ನಾನು ಹೊಗಳುವುದಿಲ್ಲ. ಕೋಟೆ ಸೂರೆ ಹೋದ ಮೇಲೆ ದಿಡ್ಡಿ ಬಾಗಿಲು ಹಾಕಿದವನಿಗೆ ನಾನು ಆರತಿ ಎತ್ತಲಾರೆ. ನನ್ನ ಹತ್ತೊಂಬತ್ತರಲ್ಲಿ ಹನ್ನೊಂದು ಉಳಿದವು, ಖೈರೂನಬಿಯ ಹದಿನಾಲ್ಕರಲ್ಲಿ ಎರಡು. ಆ ಎರಡಕ್ಕೂ ಇನ್ನೂ ಉಸಿರು ಸರಿಯಾಗಿಲ್ಲ.

ಆ ಸೋಮವಾರ ಬೆಳಗಾಗುವಾಗ ನಾನು ಬೂದಕ್ಕನ ಬುಟ್ಟಿಯ ಹತ್ತಿರ ಕೂತಿದ್ದೆ. ಅವಳ ಕೊನೆಯ ಉಸಿರು ಹಿಂದಿನ ದಿನದ ಹೊತ್ತಿಗೇ ಸರಿಯಾಗಿ ಬಂತು. ಗೊತ್ತಿದ್ದೂ ನಾನು ಬುಟ್ಟಿಯೊಳಗೆ ಕೈ ಇಟ್ಟಿದ್ದೆ. ಕಿವಿಗೆ ಎಲ್ಲ ಕೇಳಿಸಿತು, ಅಂಗೈಗೆ ಏನೂ ತಾಗಲಿಲ್ಲ. ಅದಕ್ಕೇ ಈಗ ಯಾರಾದರೂ ಕೋಳಿ ಗೂಡಿನ ಮುಂದೆ ನಿಂತು, ನಿನ್ನೇದು ಬಿಡು ಎಂದರೆ ನಾನು ಜಗಳಕ್ಕೆ ಹೋಗುವುದಿಲ್ಲ. ಅವರ ಕೈ ಹಿಡಿದು ಗೂಡಿನೊಳಗೆ ತೂರಿಸುತ್ತೇನೆ, ಅವರು ದೊಡ್ಡವರಾದರೂ ಸರಿ, ಅಧ್ಯಕ್ಷರಾದರೂ ಸರಿ.